ತಪ್ಪು ಗುಡ್ಡದ ಮೇಲಿನ ಫಲಕ

ಪ್ರಾಂತ್ಯದ ಪಳೆಯುಳಿಕೆ ಪರವಾನಗಿ ಕಚೇರಿಯ ಮುಖ್ಯಾಧಿಕಾರಿಗಳಿಗೆ, ನಮ್ಮೂರ ವಾರಪತ್ರಿಕೆಯ ಮೂಲಕ

ಸರಿ, ನನ್ನ ನೆನಪು ಕೆಟ್ಟಿದೆ ಎಂದೇ ಇಟ್ಟುಕೊಳ್ಳೋಣ ಮಾನ್ಯರೇ, ನಿನ್ನೆ ಫೋನಿನಲ್ಲಿ ನಿಮ್ಮ ಸಹಾಯಕಿ ಅಷ್ಟು ಮೆತ್ತಗೆ ಹೇಳಿದರಲ್ಲ, ಹಾಗೇ ಆಗಲಿ. ಆದರೆ ಅದು ಕೆಟ್ಟಿದ್ದು ಯಾವಾಗ? ಎರಡು ವರ್ಷದ ಹಿಂದೆ ನಾನು ಸುಳ್ಳು ಹೇಳಿದಾಗ ನಿಮ್ಮ ಕಚೇರಿಗೆ ನನ್ನ ನೆನಪು ಗಡಿಯಾರದಷ್ಟು ಸರಿಯಾಗಿತ್ತು. ಈಗ ನಿಜ ಹೇಳಲು ಬಂದರೆ ಅದಕ್ಕೆ ತುಕ್ಕು ಹಿಡಿದಿದೆ. ಇರಲಿ, ಊರೆಲ್ಲ ಓದುವಂತೆ ಇನ್ನೊಮ್ಮೆ ಬರೆಯುತ್ತೇನೆ. ಕಳೆದ ಜೂನ್‌ನಲ್ಲಿ ನೀವು ನಮ್ಮ ಗುಡ್ಡದ ಮೇಲೆ ನೆಟ್ಟ ಕಂಚಿನ ಫಲಕ ಸುಳ್ಳು. ಕೋಟ್ಯಂತರ ವರ್ಷ ಹಳೆಯ ಆ ಕಡಲ ಹಲ್ಲಿಯ ಬೆನ್ನಿನ ಏಳು ಮೂಳೆಗಳು ಸಿಕ್ಕಿದ್ದು ಅಲ್ಲಿ ಅಲ್ಲ. ಬೇಲಿಯ ಆಚೆ, ನೆರೆಯವನಾದ ಹಾಲ್ವರ್ ಮೋಯೆನ್‌ನ ಹುಲ್ಲುಗಾವಲಿನ ಕೊರಕಲಿನಲ್ಲಿ. ಅಲ್ಲಿಂದ ಕದ್ದು ತಂದು ನಮ್ಮ ಗುಡ್ಡದಲ್ಲಿ ಹೂತವನು ನಾನು. ಪ್ರಾಣಿಯ ಉಳಿದ ಮೈ ಆ ಕೊರಕಲಿನಲ್ಲೇ ಇದೆ. ಸೋಮವಾರ ಬೆಳಿಗ್ಗೆ ದನದ ಹೊಂಡ ತೋಡುವ ಯಂತ್ರ ಅದರ ಮೇಲೆ ಹತ್ತಲಿದೆ, ನಿಮ್ಮದೇ ಅನುಮತಿ ಪತ್ರ ಹಿಡಿದುಕೊಂಡು. ಇದನ್ನು ತಿಳಿಸಿ ಎರಡು ಪತ್ರ ಬರೆದೆ. ಉತ್ತರವಾಗಿ ನೀವು ಕಳಿಸಿದ್ದು ‘ಅಗಲಿಕೆಯ ಮೊದಲ ವರ್ಷ’ ಎಂಬ ಹನ್ನೆರಡು ಪುಟದ ಪುಸ್ತಿಕೆ.

ಪುಸ್ತಿಕೆಯನ್ನು ಪೂರ್ತಿ ಓದಿದೆ ಮಾನ್ಯರೇ, ಕೃತಜ್ಞತೆಗಳು. ಮುಖಪುಟದಲ್ಲಿ ಒಂದು ಎಲೆ ಉದುರುತ್ತಿದೆ. ಮೂರನೆಯ ಪುಟದಲ್ಲಿ, ಮೃತರ ವಿಷಯದಲ್ಲಿ ತನ್ನಿಂದ ತಪ್ಪಾಯಿತೆಂದು ಕೊರಗುವುದು ಸಹಜ, ಅದನ್ನು ಯಾರೊಡನಾದರೂ ಹಂಚಿಕೊಳ್ಳಿ ಎಂದಿದೆ. ನಾನು ಮಾಡಿದ್ದೂ ಅದನ್ನೇ ಅಲ್ಲವೇ? ನಿಮ್ಮೊಡನೆ ಹಂಚಿಕೊಂಡೆ. ತಪ್ಪಾಗಿದ್ದು ನನ್ನ ಇಂಗ್ಲಿಷಿನಿಂದ ಇರಬಹುದು. ನಮ್ಮ ಮನೆಯ ಭಾಷೆ ಫ್ರೆಂಚು. ಕಾಲೇಜಿಗೆಂದು ಪಟ್ಟಣಕ್ಕೆ ಹೋಗಿ ಒಂದೂವರೆ ವರ್ಷ ಕಲಿತ ಇಂಗ್ಲಿಷಿನಲ್ಲಿ ಈಗ ಉಳಿದಿರುವುದು ಅರ್ಜಿ ಬರೆಯುವ ನಾಲ್ಕು ಸಾಲು. ‘ಐ ಬೆಗ್ ಟು ಸ್ಟೇಟ್’ ಎಂದು ಶುರುಮಾಡಿದ್ದೆ. ಹೀಗೆ ಬೇಡಿಕೊಂಡು ಶುರುಮಾಡುವವನು ಕಳ್ಳನಾಗಿರಲಾರ ಎಂದು ನಿಮ್ಮವರು ತೀರ್ಮಾನಿಸಿದರೇನೋ.

ನನ್ನ ಹೆಂಡತಿ ಫೆರ್ನಾಂಡ್. ಫಲಕದ ಮೇಲೆ ನೀವು ಕೊರೆಸಿದ ಹೆಸರು. ಈ ಬಯಲು ಒಂದು ಕಾಲಕ್ಕೆ ಕಡಲಾಗಿತ್ತೆಂದು ಮದುವೆಯಾದ ಹೊಸದರಲ್ಲಿ ಎಲ್ಲೋ ಓದಿದಳು. ಅಂದಿನಿಂದ ಮೂವತ್ತೊಂದು ವರ್ಷ, ಹಿಮ ಇಲ್ಲದ ಪ್ರತಿ ಸಂಜೆಯೂ, ಒಂದು ಕೋಲು ಹಿಡಿದು ತಲೆ ತಗ್ಗಿಸಿಕೊಂಡು ನಮ್ಮ ಗುಡ್ಡದ ಇಳಿಜಾರಿನಲ್ಲಿ ನಡೆದಳು. ಸಿಕ್ಕಿದ್ದು ಒಂದು ಚಿಪ್ಪಿನ ಚೂರು, ಒಂದು ಕಾಡೆಮ್ಮೆಯ ಹಲ್ಲು. ನಾನು ಬಾಗಿಲಲ್ಲಿ ನಿಂತು, “ಏನೇ, ಇವತ್ತಾದ್ರೂ ಮೊಸಳೆ ಸಿಕ್ತಾ?” ಎನ್ನುತ್ತಿದ್ದೆ. “ನಿನ್ನ ಹತ್ರ ಮಾತಾಡ್ಕೊಂಡು ನಿಂತ್ರೆ ಎಲ್ಲಿ ಸಿಗತ್ತೆ ಎಮಿಲ್, ಪಕ್ಕಕ್ಕೆ ಸರಿ,” ಎನ್ನುತ್ತಿದ್ದಳು. ಆಮೇಲೆ ಅವಳ ಶ್ವಾಸಕೋಶ ಕೆಟ್ಟಿತು. ವೈದ್ಯರು ಇನ್ನೊಂದು ಚಳಿಗಾಲ ಎಂದರು.

ಆ ಮೇ ತಿಂಗಳಲ್ಲಿ ನನ್ನ ಎರಡು ಹೋರಿಗಳು ಬೇಲಿ ಮುರಿದು ಹಾಲ್ವರನ ಕಡೆ ನುಗ್ಗಿದವು. ಹಿಂಬಾಲಿಸಿ ಹೋದೆ. ಅಲ್ಲಿ ಕೊರಕಲಿನ ಬದಿಯಲ್ಲಿ ಬಿಲ ತೋಡುವ ಬ್ಯಾಡ್ಜರ್ ಎಂಬ ಪ್ರಾಣಿಯೊಂದು ಹೊಸದಾಗಿ ಮಣ್ಣು ಕೆದರಿತ್ತು. ಆ ಬೂದು ಮಣ್ಣಿನಲ್ಲಿ ಏಳು ದುಂಡನೆಯ ಕಲ್ಲುಗಳು, ಒಂದೊಂದೂ ಐಸ್ ಹಾಕಿಯ ಬಿಲ್ಲೆಯಷ್ಟು. ಕಲ್ಲಲ್ಲ ಎಂದು ಎತ್ತಿದ ಕೂಡಲೇ ತಿಳಿಯಿತು. ಸಾಲು ಅಲ್ಲಿಗೆ ಮುಗಿದಿರಲಿಲ್ಲ. ದಂಡೆಯ ಒಳಗೆ ಹೋಗಿತ್ತು. ಇಂಥದ್ದನ್ನು ಕಂಡರೆ ಮುಟ್ಟಬಾರದು, ಅದು ಸರ್ಕಾರದ ಸ್ವತ್ತು ಎಂದು ಶಾಲೆಯ ಮಕ್ಕಳಿಗೂ ಗೊತ್ತಿರುವ ನಾಡು ನಮ್ಮದು. ನಾನು ಓಟ್ಸ್ ಚೀಲ ತಂದು ಏಳನ್ನೂ ತುಂಬಿಕೊಂಡೆ. ದನದ ತೊಟ್ಟಿಯಲ್ಲಿ ತೊಳೆದೆ, ಹೆಂಗಸಿಗೆ ಕೊಡುವ ವಸ್ತು ಕೊಳಕಾಗಿರಬಾರದೆಂದು. ಫೆರ್ನಾಂಡ್ ಆಸ್ಪತ್ರೆಗೆ ಹೋಗಿದ್ದ ಮಧ್ಯಾಹ್ನ ಅವಳು ದಿನಾ ನಡೆಯುವ ದಾರಿಯಲ್ಲಿ ನಾಲ್ಕು ಬೆರಳು ಆಳಕ್ಕೆ, ಮೊದಲನೆಯದರ ಅಂಚು ಮಾತ್ರ ಕಾಣುವಂತೆ ಹೂತೆ. ಐವತ್ತು ವರ್ಷ ಬಿತ್ತನೆ ಮಾಡಿದ ಕೈ ನೋಡಿ: ಒಂದಕ್ಕೊಂದು ಸಮ ಅಂತರ, ಹಗ್ಗ ಹಿಡಿದಂತೆ ನೇರ ಸಾಲು. ಸುಳ್ಳು ಹೂಳುವಾಗಲೂ ಡೊಂಕಾಗಿ ಹೂಳಲು ಬರಲಿಲ್ಲ ನನಗೆ.

ಮಾರನೆಯ ಸಂಜೆ ಅವಳು ನನ್ನನ್ನು ಕೂಗಿದ ದನಿ ನಿಮ್ಮ ಕಡತದಲ್ಲಿ ಇರಲಾರದು. ಮದುವೆಯ ದಿನವೂ ನನ್ನನ್ನು ಹಾಗೆ ಕೂಗಿರಲಿಲ್ಲ. ಮೊಣಕಾಲೂರಿ ಕೂತು, ಏದುಸಿರು ಬಿಡುತ್ತ, ಪೌಡರ್ ಹಚ್ಚುವ ಬ್ರಷ್ಷಿನಿಂದ ಮೊದಲನೆಯ ಮೂಳೆಯ ಮಣ್ಣು ಜಾಡಿಸುತ್ತಿದ್ದಳು. “ಮುಟ್ಬೇಡ ಎಮಿಲ್! ಇರೋ ಹಾಗೇ ಇರ್ಲಿ. ಮೊದ್ಲು ಅವರಿಗೆ ಫೋನ್ ಮಾಡ್ಬೇಕು.” ಕಾನೂನನ್ನು ಪಾಲಿಸಿದ್ದು ಅವಳು, ಕಾನೂನು ಮುರಿದು ನಾನು ಇಟ್ಟದ್ದರ ಮೇಲೆ.

ನಿಮ್ಮ ಕಡೆಯಿಂದ ಬಂದ ವಿಜ್ಞಾನಿ ಮೊರಾಗ್ ಎಂಬ ಹುಡುಗಿಗೆ ಕಣ್ಣಿತ್ತು. ಅದನ್ನು ಹೇಳದಿದ್ದರೆ ಪಾಪ. ಸಾಲನ್ನು ನೋಡಿದಳು, ನನ್ನನ್ನು ನೋಡಿದಳು. “ಮಳೆ ಇಷ್ಟು ಚೆನ್ನಾಗಿ ತೊಳಿಯತ್ತಾ ಸರ್?” ಎಂದಳು. ಇವು ಇದ್ದ ಜಾಗದಲ್ಲೇ ಇವೆಯೇ, ಯಾರಾದರೂ ಸರಿಸಿದ್ದಾರೆಯೇ ಎಂದು ನೇರವಾಗಿ ಕೇಳಿದಳು. ಫೆರ್ನಾಂಡ್ ಪಕ್ಕದಲ್ಲಿ ಮಡಿಸುವ ಕುರ್ಚಿಯ ಮೇಲೆ ಕೂತಿದ್ದಳು. ಕಾಲೇಜಿನ ಇಂಗ್ಲಿಷು ಆಗ ನನ್ನ ನೆರವಿಗೆ ಬಂತು: “ಹಂಡ್ರೆಡ್ ಪರ್ಸೆಂಟ್, ಮ್ಯಾಡಮ್.” ಮೊರಾಗ್ ತನ್ನ ವರದಿಯಲ್ಲಿ ಜಾಗದ ಬಗ್ಗೆ ಅನುಮಾನವಿದೆ ಎಂದು ಬರೆದಳು. ನಿಮ್ಮ ಕಚೇರಿ ಆ ಸಾಲನ್ನು ಏನು ಮಾಡಿತು? ಮುದುಕನ ಒಂದು ಮಾತು ವಿಜ್ಞಾನಿಯ ಒಂದು ಸಾಲಿಗಿಂತ ತೂಕವಾಯಿತೇ? ಹಣೆಯ ಮೇಲೆ ಟೋಪಿ, ಕೈಯಲ್ಲಿ ಕೆಲಸದ ಗುರುತು, ಹಾಸಿಗೆ ಹಿಡಿಯಲಿರುವ ಹೆಂಡತಿ, ಇಷ್ಟಿದ್ದರೆ ನಿಮ್ಮಲ್ಲಿ ಯಾರ ಮಾತೂ ನಡೆಯುತ್ತದೆಯೇ? ಇದನ್ನು ಹೇಳಿ ನನ್ನ ತಪ್ಪನ್ನು ನಿಮ್ಮ ಹೆಗಲಿಗೆ ಹಾಕುತ್ತಿಲ್ಲ. ನನ್ನದು ನನ್ನದೇ. ನಿಮ್ಮದು ಬೇರೆ ಇದೆ, ಅಷ್ಟೇ.

ಎರಡು ಬೇಸಿಗೆ ವಿದ್ಯಾರ್ಥಿಗಳು ಡೇರೆ ಹಾಕಿಕೊಂಡು ನಮ್ಮ ಗುಡ್ಡವನ್ನು ಅಗೆದರು. ಹುಳಹುಪ್ಪಟೆ, ಬಿಸಿಲು, ಬಾಯಿಗೆ ಮಣ್ಣು ತುಂಬುವ ಗಾಳಿ. ಒಬ್ಬಳು ತನ್ನ ಪ್ರಬಂಧವನ್ನೇ ಆ ಗುಂಡಿಯನ್ನು ನಂಬಿ ಶುರುಮಾಡಿ ಕೊನೆಗೆ ವಿಷಯ ಬದಲಿಸಿಕೊಂಡಳು. ಫೆರ್ನಾಂಡ್ ಅವರಿಗೆಲ್ಲ ಸಸ್ಕಟೂನ್ ಹಣ್ಣಿನ ಪೈ ಮಾಡಿ ಹಾಕಿದಳು, ಒಲೆಯ ಮುಂದೆ ಸ್ಟೂಲ್ ಮೇಲೆ ಕೂತುಕೊಂಡೇ. “ಅಜ್ಜಿ, ನಾಳೆ ತಲೆ ಸಿಕ್ಕೇ ಸಿಗತ್ತೆ,” ಎನ್ನುತ್ತಿದ್ದರು ಅವರು. ನಾನು ಅವರಿಗೆ ನೀರು ಹೊತ್ತು ಕೊಡುತ್ತಿದ್ದೆ. ಬೇಲಿಯಿಂದಾಚೆ ಮುನ್ನೂರು ಹೆಜ್ಜೆ ನಡೆದು ಬೆರಳು ತೋರಿಸಿದ್ದರೆ ಮುಗಿಯುತ್ತಿತ್ತು. ತೋರಿಸಲಿಲ್ಲ. ಒಂದು ದಿನವೂ ತೋರಿಸಲಿಲ್ಲ.

ವೈದ್ಯರು ಒಂದು ಚಳಿಗಾಲ ಎಂದಿದ್ದರು, ಅವಳು ಎರಡು ಕಂಡಳು. ಆ ಮೂಳೆಗಳೇ ಅವಳನ್ನು ಬದುಕಿಸಿದವು ಎಂದು ಊರಿನವರು ನನಗೆ ಹೇಳುತ್ತಾರೆ. ಅಂಗಡಿಯಲ್ಲಿ ಕಾಫಿ ಕುಡಿಯುವಾಗ ಒಬ್ಬರು, ಅವಳಿಗೆ ಒಳಗೊಳಗೇ ಗೊತ್ತಿದ್ದಿರಬೇಕು ಬಿಡಿ ಎಂದೂ ಅಂದರು. ದಯವಿಟ್ಟು ಯಾರೂ ಈ ಸಕ್ಕರೆಯನ್ನು ನನ್ನ ಬಾಯಿಗೆ ಹಾಕಬೇಡಿ. ಅವಳಿಗೆ ಗೊತ್ತಿರಲಿಲ್ಲ. ಕಳೆದ ಫೆಬ್ರವರಿಯಲ್ಲಿ, ಹೋಗುವ ವಾರ, “ನಿಜವಾದ್ದೊಂದನ್ನ ಬಿಟ್ಟು ಹೋಗ್ತಿದೀನಿ, ಅಲ್ವಾ ಎಮಿಲ್?” ಎಂದು ಕೇಳಿದಳು. ನಾನು ತಲೆಯಾಡಿಸಿದೆ. ಮೂವತ್ತೊಂದು ವರ್ಷ ಏನೂ ಸಿಗದೆ ಮಾರನೆಯ ದಿನ ಮತ್ತೆ ಹೊರಟವಳು ಅವಳು. ನಿಜವಾದದ್ದು ಅದೇ ಆಗಿತ್ತು. ನಾನು ಅದನ್ನು ಸೋಲು ಎಂದು ಎಣಿಸಿ, ಅದರ ಮೇಲೆ ನನ್ನ ಕನಿಕರದ ಏಳು ತುಂಡು ಹೂತೆ. ನನಗೆ ನಾಚಿಕೆಯಾಗುವುದು ಕಳ್ಳತನಕ್ಕಿಂತ ಇದಕ್ಕೆ. ಜೂನ್‌ನಲ್ಲಿ ಫಲಕದ ಪರದೆ ಸರಿಸುವಾಗ ನೀವೇ ಖುದ್ದಾಗಿ ನನ್ನ ಕೈ ಕುಲುಕಿದಿರಿ. ಆಗಲೂ ಬಾಯಿ ಬರಲಿಲ್ಲ.

ಈಗ ಏಕೆ ಬಂತು ಎಂದು ಕೇಳುವಿರಿ. ಹಾಲ್ವರನ ಹಳೆಯ ಹೊಂಡದ ನೀರು ಉಪ್ಪಾಗಿ ಎರಡು ದನ ಸತ್ತವು. ಹೊಸ ಹೊಂಡಕ್ಕೆ ಅವನು ಆ ಕೊರಕಲನ್ನೇ ಆರಿಸಿದ. ನಿಮ್ಮ ಕಚೇರಿ ಆಗಸ್ಟ್‌ನಲ್ಲಿ ಅವನಿಗೆ ಕಾಗದ ಕೊಟ್ಟಿತು: ಪಕ್ಕದ ಗುಡ್ಡವನ್ನು ಎರಡು ಬೇಸಿಗೆ ಶೋಧಿಸಲಾಗಿದೆ, ಈ ಸುತ್ತಮುತ್ತ ಮತ್ತೇನೂ ಇಲ್ಲ, ತೋಡಲು ಅಡ್ಡಿಯಿಲ್ಲ. ನನ್ನ ಸುಳ್ಳು ನಿಮ್ಮ ಮೊಹರಿನೊಂದಿಗೆ ಬೇಲಿ ದಾಟಿ ವಾಪಸು ಹೋಯಿತು. ಸುದ್ದಿ ತಿಳಿದು ಕಳೆದ ವಾರ ಅವನ ಬಳಿ ಹೋದೆ. ಟ್ರಕ್ಕಿಗೆ ಒರಗಿ ಸೂರ್ಯಕಾಂತಿ ಬೀಜದ ಸಿಪ್ಪೆ ಉಗಿಯುತ್ತಿದ್ದ. ಎಲ್ಲ ಹೇಳಿದೆ.

“ಅಂದ್ರೆ ನನ್ನ ಹೊಲದಿಂದ ಕದ್ದೆ.”

“ಹೌದು.”

“ಕರು ಕದ್ದಿದ್ರೆ ಅರ್ಥ ಆಗ್ತಿತ್ತಪ್ಪ. ಮೂಳೆ?” ಎಂದ. ನಗುತ್ತಾನೇನೋ ಅಂದುಕೊಂಡೆ. ನಗಲಿಲ್ಲ. “ಫಲಕ ನೆಟ್ಟ ದಿನ ನಾನೂ ಬಂದಿದ್ದೆ. ಚಪ್ಪಾಳೆ ತಟ್ಟಿದೀನಿ, ಗೊತ್ತಾ?”

“ನೋಡ್ದೆ.”

“ಹೊಂಡ ನೂರು ಹೆಜ್ಜೆ ಕೆಳಗೆ ತೋಡ್ಸಿದ್ರೂ ನನಗೆ ನಡಿಯತ್ತೆ. ಆದ್ರೆ ಆ ಜಾಗಕ್ಕೂ ಕಾಗದ ಬೇಕು. ಯಂತ್ರದವನು ಸೋಮವಾರ ಬರ್ತಾನೆ, ಆಮೇಲೆ ಹಿಮ ಕರಗೋ ತನಕ ಈ ಕಡೆ ತಲೆ ಹಾಕಲ್ಲ. ಕಾಗದ ತಾ, ನಿಲ್ಲಿಸ್ತೀನಿ. ನಿನ್ನ ಮಾತಿನ ಮೇಲೆ ನಿಲ್ಲಿಸು ಅಂದ್ರೆ ಹೆಂಗೆ ಎಮಿಲ್? ನಿನ್ನ ಮಾತು ಎಂಥದ್ದು ಅಂತ ಈಗ ತಾನೇ ನೀನೇ ಹೇಳ್ದೆ.”

ಅವನ ಮಾತಿನಲ್ಲಿ ನನಗೆ ತಪ್ಪು ಕಾಣಲಿಲ್ಲ. ಮೊರಾಗ್‌ಗೆ ಫೋನ್ ಮಾಡಿದೆ. ಆಕೆ ಈಗ ಬೇರೆ ಊರಿನಲ್ಲಿದ್ದಾಳೆ. ಎಲ್ಲ ಕೇಳಿಕೊಂಡು, “ನಾನು ಅವತ್ತೇ ಜಗಳ ಆಡ್ಬೇಕಿತ್ತು ಸರ್,” ಎಂದಳು. ಪರವಾನಗಿ ಬಂದ ದಿನವೇ ಹೊರಡುತ್ತಾಳೆ. ಅದಿಲ್ಲದೆ ಮುಟ್ಟಿದರೆ ಅವಳ ಕೆಲಸ ಹೋಗುತ್ತದೆ. ಕೊನೆಗೆ ನಿನ್ನೆ ನಿಮ್ಮ ಕಚೇರಿಗೇ ಮಾಡಿದೆ. “ಸರ್, ನಿಮ್ಮ ದುಃಖ ನಮಗೆ ಅರ್ಥ ಆಗತ್ತೆ. ಇಂಥ ಹೊತ್ತಲ್ಲಿ ನೆನಪು ತಪ್ಪೋದು ಸಹಜ,” ಎಂದರು ನಿಮ್ಮ ಸಹಾಯಕಿ. ದುಃಖದ ವಿಷಯ ಅಲ್ಲಮ್ಮ, ಕಳ್ಳತನದ ವಿಷಯ ಎಂದೆ. “ಪುಸ್ತಿಕೆ ತಲುಪಿತಾ ಸರ್?” ಎಂದರು. ತಲುಪಿತು ಎಂದೆ. “ಕಡತ ಮುಗಿದಿದೆ ಸರ್. ಮತ್ತೆ ತೆರೀಬೇಕಂದ್ರೆ ಹೊಸ ಪುರಾವೆ ಬೇಕು.”

ಪುರಾವೆ ಇದೆ ಮಾನ್ಯರೇ. ನಿಮ್ಮ ಗಾಜಿನ ಪೆಟ್ಟಿಗೆಯಲ್ಲಿರುವ ಏಳನೆಯ ಮೂಳೆಯ ಹಿಂಬದಿಯಲ್ಲಿ ಒಂದು ಕಡೆ ಅಂಚು ಮುರಿದಿದೆ. ಎಂಟನೆಯದು ದಂಡೆಯಿಂದ ಅರ್ಧ ಹೊರಗೆ ಚಾಚಿ ನಿಂತಿದೆ, ಮುರಿದ ಆ ಚೂರನ್ನು ಮೈಗೆ ಅಂಟಿಸಿಕೊಂಡು. ಏಳನೆಯದನ್ನು ತಂದು ಅದರ ಎದುರು ಹಿಡಿಯಿರಿ, ಸಾಕು. ನಾನೇ ಕಿತ್ತು ನಿಮ್ಮ ಮೇಜಿನ ಮೇಲೆ ಇಡಬಹುದಿತ್ತು. ಅದೇ ಕೈ ಅದೇ ಕೆಲಸವನ್ನು ಇನ್ನೊಮ್ಮೆ ಮಾಡುವುದು ಬೇಡವೆಂದು ಮುಟ್ಟಿಲ್ಲ. ಆದ್ದರಿಂದ ಕೇಳುವುದು ಇಷ್ಟು: ಸೋಮವಾರದ ಒಳಗೆ ಹಾಲ್ವರನಿಗೆ ಎರಡು ಸಾಲಿನ ಕಾಗದ ಕೊಡಿ, ಕೊರಕಲನ್ನು ಬಿಡುವುದಕ್ಕೆ ಒಂದು, ಕೆಳಗಿನ ಜಾಗದಲ್ಲಿ ತೋಡುವುದಕ್ಕೆ ಇನ್ನೊಂದು, ಅವನ ದನಗಳು ನನ್ನ ಪಾಪಕ್ಕೆ ಉಪ್ಪುನೀರು ಕುಡಿಯಬಾರದು. ಮೊರಾಗ್‌ಗೆ ಪರವಾನಗಿ ಕೊಡಿ. ನನ್ನ ಮೇಲೆ ದೂರು ದಾಖಲಿಸಿ. ಕಾನೂನಿನಲ್ಲಿ ಏನಿದೆಯೋ ಅದೆಲ್ಲ ಆಗಲಿ, ವಯಸ್ಸು ನೋಡಬೇಡಿ. ಮತ್ತು ಆ ಫಲಕವನ್ನು ಕೀಳಿಸಿ. ನನ್ನ ಹೆಂಡತಿ ಹೇಳದ ಸುಳ್ಳಿನ ಕೆಳಗೆ ಅವಳ ಹೆಸರು ನಿಂತಿದೆ. ಅದನ್ನು ಬಿಡಿಸಿಕೊಡಿ. ನಾನು ಸುತ್ತಿಗೆ ಹಿಡಿದು ಹೋದರೆ ಅದಕ್ಕೂ ಇನ್ನೊಂದು ಪುಸ್ತಿಕೆ ಕಳಿಸುವಿರಿ.

ಇದನ್ನು ಕೊರಕಲಿನ ಅಂಚಿನಲ್ಲಿ ಟ್ರಕ್ ನಿಲ್ಲಿಸಿಕೊಂಡು ಬರೆಯುತ್ತಿದ್ದೇನೆ. ಪತ್ರಿಕೆ ಗುರುವಾರ ನಿಮ್ಮ ಮೇಜಿಗೆ ಬರುತ್ತದೆ. ಸೋಮವಾರ ಬೆಳಿಗ್ಗೆ ಕಾಗದ ಬರದಿದ್ದರೆ ಯಂತ್ರದ ಮುಂದೆ ಕುರ್ಚಿ ಹಾಕಿಕೊಂಡು ಕೂರುತ್ತೇನೆ. ತಲೆ ಕೆಟ್ಟವನೆಂದು ನೀವೇ ತೀರ್ಮಾನಿಸಿದ್ದೀರಿ, ಯಾರೂ ಆಶ್ಚರ್ಯಪಡಲಾರರು. ಇನ್ನೂ ಹೇಳುವುದಿತ್ತು, ಆ ಪ್ರಬಂಧದ ಹುಡುಗಿಯ ಹೆಸರು, ಅವಳಿಗೆ ಬೇರೆಯೇ ಬರೆಯಬೇಕು... ಬೆಳಕು ಹೋಗುತ್ತಿದೆ. ಬರೆದ ಸಾಲು ಕಾಣುತ್ತಿಲ್ಲ. ಈ ಸಲವಾದರೂ ಒಂದರ ಮೇಲೆ ಇನ್ನೊಂದನ್ನು ಬರೆಯುವುದು ಬೇಡ.

ಇಂತಿ,
ತಾವು ಒಮ್ಮೆ ಸುಲಭವಾಗಿ ನಂಬಿದ,
ಎಮಿಲಿಯೆನ್ ಬೊದ್ರಿ