ಕುಂಟು ಮಿಷನ್ನಿನ ತಾಳ

ಹೊಲಿಗೆ ಅಂಗಡಿ,
ಸೋಮವಾರ, ಮಾರ್ಚ್ ೯

ಪ್ರೀತಿಯ ಮೊಂಡಿಗೆ,

ಊಟ ನಿದ್ದೆ ಸರಿಯಾಗಿದೆಯಾ? ಕೀಬೋರ್ಡ್ ನುಡಿಸಿ ನುಡಿಸಿ ಬೆರಳು ಊದಿತ್ತಂತೆ, ಈಗ ಹೇಗಿದೆ? ಬಿಸಿನೀರಿನಲ್ಲಿ ಅದ್ದು. ಹೇಳಿದರೆ ಕೇಳುವವಳಲ್ಲ ನೀನು. ನನ್ನ ಮಂಡಿನೋವು ಹಾಗೇ ಇದೆ. ನಿಮ್ಮಜ್ಜಿಯೂ ಹಾಗೇ ಇದ್ದಾಳೆ, ಅಂದರೆ ಬೈಯುತ್ತಾ. ನಾನು ನಾಲ್ಕನೇ ಕ್ಲಾಸಿಗೇ ಬಿಟ್ಟವನು, ತಪ್ಪಿದ್ದರೆ ತಿದ್ದಿಕೊಂಡು ಓದು.

ನಿನ್ನ ಕಾಗದ ಬಂತು. ಹನ್ನೆರಡು ವರ್ಷ ಆ ರಾಕ್ ಹಾಡುಗಾರನ ಹಿಂದೆ ನಿಂತು, ಅವನು ಗುನುಗಿದ ಅರ್ಧ ಸಾಲಿಗೆಲ್ಲ ಮೈಕೈ ತುಂಬಿಸಿ ಹಾಡು ಮಾಡಿದವಳು ನೀನು. ಈ ಸಲ ಆಲ್ಬಮ್ಮಿನ ಮೇಲೆ ಇಬ್ಬರ ಹೆಸರೂ ಇರುತ್ತದೆ, ಮೊದಲ ಕಾರ್ಯಕ್ರಮಕ್ಕಾದರೂ ಬರುತ್ತೀಯಾ ಅಜ್ಜ ಎಂದು ಕೇಳಿದ್ದೀಯ. ನೀನು ಅಂಗಡಿ ಬಿಟ್ಟು ಹೊರಟ ದಿನ ನಾನು ಕೂಗಾಡಿದ್ದು ನೆನಪಿದೆ. "ಹೋಗು, ಇನ್ನೊಬ್ಬನ ಕೋಟಿಗೆ ಅಸ್ತರಾಗು! ಸ್ಟೇಜಿನ ಮುಂದೆ ನಿನ್ನ ಮುಖ ಕಾಣೋ ತನಕ ನಾನು ಆ ಕಡೆ ತಲೆ ಹಾಕಲ್ಲ." ನೀನು "ಒಳಗೆ ಅಸ್ತರಿನ ಬಟ್ಟೆ ಇಲ್ದಿದ್ರೆ ಕೋಟು ಜೋತು ಬೀಳುತ್ತೆ ಅಂತ ಹೇಳ್ಕೊಟ್ಟೋನು ನೀನೇ ಅಲ್ವಾ ಅಜ್ಜ" ಎಂದು ನಕ್ಕು ಹೋದೆ. ಅವತ್ತಿನಿಂದ ಪೇಪರಿನ ಫೋಟೋಗಳನ್ನೆಲ್ಲ ಕತ್ತರಿಸಿ ಇಟ್ಟಿದ್ದೇನೆ. ಎಲ್ಲದರಲ್ಲೂ ಅವನ ಕೂದಲು, ನಿನ್ನ ಮೊಣಕೈ. ಬಂದ ಗಿರಾಕಿಗಳಿಗೆ ಆ ಮೊಣಕೈ ತೋರಿಸಿ ಇವಳೇ ನನ್ನ ಮೊಮ್ಮಗಳು ಅನ್ನುತ್ತೇನೆ.

ನಿನ್ನೆ ಏನಾಯಿತು ಕೇಳು. ಪಕ್ಕದ ಕ್ಷೌರದಂಗಡಿಯಲ್ಲಿ ಕೆನ್ನೆಗೆ ನೊರೆ ಹಚ್ಚಿಸಿಕೊಂಡು ಕೂತಿದ್ದೆ. ದಡದಡದಡ ಟಕ್, ದಡದಡದಡ ಟಕ್. ನನ್ನ ಮಿಷನ್ನೇ! ಬೆಲ್ಟಿನ ಕೊಂಡಿ ಗಾಲಿಗೆ ಬಡಿದಾಗಲೆಲ್ಲ ಬರುವ ಆ ಕುಂಟು ಟಕ್ಕು, ಮೂವತ್ತು ವರ್ಷ ಕೇಳಿದ್ದು, ನನಗೆ ಗೊತ್ತಾಗುವುದಿಲ್ಲವಾ? ಕ್ಷೌರದಂಗಡಿಯ ರೇಡಿಯೋ ಎಂದು ಹೊಳೆಯಲೇ ಇಲ್ಲ. ಯಾರೋ ಬೀಗ ಒಡೆದು ನನ್ನ ಮಿಷನ್ ತುಳಿಯುತ್ತಿದ್ದಾರೆ ಅಂದುಕೊಂಡು ನೊರೆ ಮುಖದಲ್ಲೇ ಓಡಿದೆ. ಬೀಗ ಹಾಕಿದ ಹಾಗೇ ಇತ್ತು. ಹಿಂದೆಯೇ ಕ್ಷೌರಿಕ ಕತ್ತಿ ಹಿಡಿದು ಓಡಿ ಬಂದ, ನೋಡಿದವರು ಏನಂದುಕೊಂಡರೋ! "ಯಜಮಾನ್ರೇ, ಅದು ನಿಮ್ಮ ಮೊಮ್ಮಗಳ ಹೊಸ ಹಾಡು ಕಣ್ರೀ" ಅಂದ. ಹೋದ ಸಲ ಬಂದಾಗ ಮಿಷನ್ ಪಕ್ಕ ಫೋನ್ ಇಟ್ಟು "ಸುಮ್ನೆ ತುಳೀತಿರು ಅಜ್ಜ" ಅಂದಿದ್ದು ಇದಕ್ಕಾ, ಕಳ್ಳಿ! ವಾಪಸ್ ಹೋಗಿ ಉಳಿದ ಹಾಡು ಕೇಳಿದೆ. ಅವನು ಚೆನ್ನಾಗಿಯೇ ಕಿರುಚುತ್ತಾನೆ, ಒಪ್ಪಿದೆ. ಆದರೆ ಅವನು ಉಸಿರು ತೆಗೆದುಕೊಳ್ಳುವಾಗಲೆಲ್ಲ ನೀನು ಕೆಳಗಿನಿಂದ ಎತ್ತಿ ಹಿಡಿಯುತ್ತೀಯಲ್ಲ, ಹಾಡು ನಿಂತಿರುವುದು ಅದರ ಮೇಲೆ. ನೊರೆ ಒಣಗಿ ಮುಖ ಬಿಗಿದುಕೊಂಡರೂ ನನ್ನ ನಗು ನಿಲ್ಲಲಿಲ್ಲ.

ನಿನ್ನ ಬೆರಳು ಸೋಲದಿರಲಿ, ಕಿವಿ ಮಂದವಾಗದಿರಲಿ. ಅಜ್ಜಿಯ ಆಶೀರ್ವಾದವೂ ಇದರಲ್ಲೇ ಸೇರಿದೆ, ಬೇರೆ ಬರೆಯಲು ಜಾಗವಿಲ್ಲ.

ಇಂತಿ,
ನಿನ್ನ ಸಿಡುಕ ಅಜ್ಜ

ಮರೆತಿದ್ದೆ: ಟಿಕೆಟ್ ಅಜ್ಜಿಗೊಂದು ಸಾಕು. ನಾನು ಮಿಷನ್ ಸಮೇತ ಬರುತ್ತೇನೆ. ನಾನು ಗಟ್ಟಿಯಾಗಿರುವಾಗ ಫೋನಿನಲ್ಲಿ ಹಿಡಿದದ್ದು ಯಾಕೆ, ನಾನೇ ತುಳಿಯುತ್ತೇನೆ. ಹೊಸ ಬೆಲ್ಟ್ ತಂದಿಟ್ಟಿದ್ದೆ, ಆ ಟಕ್ಕು ಹೋದೀತೆಂದು ಹಾಕಲಿಲ್ಲ. ಹಿಂದುಗಡೆ, ನಿನ್ನ ಪಕ್ಕದಲ್ಲೇ ಜಾಗ ಮಾಡು. ಫೋಟೋದಲ್ಲಿ ನನ್ನ ಮೊಣಕೈಯೂ ಬರಲಿ.