ಕೌದಿಯಲ್ಲಿ ಸುತ್ತಿಟ್ಟ ಬಂದೂಕು

ಅಂಕಲಿ, ತೋಟದ ವಸ್ತಿ
ರವಿವಾರ, ತಾ. ೧೯-೧-೧೯೯೨

ಪಾರಿಸನ ಅಪ್ಪಾ ಅವರ ಪಾದಗಳಿಗೆ ಕಾಶಿಬಾಯಿಯ ನಮಸ್ಕಾರ, ಜಯ ಜಿನೇಂದ್ರ.

ನಿಮ್ಮ ಮೊಣಕಾಲು ಹೇಗಿದೆ? ಇಟಾರಸಿ ಸ್ಟೇಷನ್ನಿನಲ್ಲಿ ಹಾಕಿದ ಕಾರ್ಡು ಸಂಕ್ರಾಂತಿಯ ದಿನವೇ ಬಂತು. ಯಾತ್ರೆ ಎಂದು ಶಿಖರಜಿಯ ಬೆಟ್ಟವನ್ನು ನಡೆದೇ ಹತ್ತುತ್ತೇನೆ ಎಂದು ಹಟ ಹಿಡಿಯಬೇಡಿ. ಅಲ್ಲಿ ಡೋಲಿ ಸಿಗುತ್ತದೆ, ಕೂತರೆ ಪುಣ್ಯವೇನೂ ಕಡಿಮೆಯಾಗುವುದಿಲ್ಲ. ಕಿವಿಗೆ ಮಫ್ಲರ್ ಕಟ್ಟಿಕೊಳ್ಳಿ, ಪಾರಿಸನಿಗೂ ಕಟ್ಟಿಸಿ, ಅವನಿಗೆ ಇಪ್ಪತ್ತೆರಡು ತುಂಬಿದರೂ ಹೇಳದ ಹೊರತು ಕಟ್ಟುವ ಪೈಕಿ ಅಲ್ಲ. ಉಪವಾಸವನ್ನೂ ಹೆಚ್ಚು ಮಾಡಬೇಡಿ. ಎರಡು ವರ್ಷದ ಹಿಂದೆ ಇದೇ ಚಳಿಯಲ್ಲಿ, ಅಷ್ಟಮಿಯೂ ಅಲ್ಲ, ಚತುರ್ದಶಿಯೂ ಅಲ್ಲ, ಮೂರು ದಿನ ಬರೀ ಕಾಯಿಸಿದ ನೀರು ಕುಡಿದು ಕೂತಿರಿ. ಕೇಳಿದರೆ ಹೊಟ್ಟೆ ಸರಿ ಇಲ್ಲ ಎಂದಿರಿ. ಆಗ ಇಳಿದ ಮೈ ಇನ್ನೂ ತುಂಬಿಲ್ಲ. ಅತ್ತೆಯವರು ಆರಾಮ ಇದ್ದಾರೆ, ನನ್ನನ್ನು ಬೈಯುವಷ್ಟು ಶಕ್ತಿ ಇದೆ ಎಂದರೆ ನಿಮಗೆ ತಿಳಿಯುತ್ತದೆ. ದ್ರಾಕ್ಷಿ ಕಾಯಿ ಕಟ್ಟಿದೆ. ಹಕ್ಕಿಗೆ ನಾನೇ ಡಬ್ಬಿ ಬಾರಿಸುತ್ತಿದ್ದೇನೆ. ನರಿಯ ಕಾಟ ಇಲ್ಲ. ಆ ಚಳಿಗಾಲ ಕಾಲುವೆ ದಂಡೆಯಲ್ಲಿ ಒಂದು ನರಿ ಟ್ರ್ಯಾಕ್ಟರಿಗೆ ಸಿಕ್ಕು ಸತ್ತ ಮೇಲೆ ಅವು ನಮ್ಮ ದ್ರಾಕ್ಷಿ ಪಡದ ಕಡೆ ಸುಳಿದೇ ಇಲ್ಲ.

ಮೊದಲು ಒಳ್ಳೆಯ ಸುದ್ದಿ ಹೇಳುತ್ತೇನೆ, ಯಾಕೆಂದರೆ ಎರಡನೆಯದು ಶುರುವಾದರೆ ನನಗೆ ತಲೆಬುಡ ತಿಳಿಯುವುದಿಲ್ಲ. ನಮ್ಮ ಮನೆಯಲ್ಲಿ ಮುನಿ ಮಹಾರಾಜರ ಆಹಾರವಾಯಿತು! ಊರಿಂದೂರಿಗೆ ವಿಹಾರದಲ್ಲಿದ್ದ ಮಹಾರಾಜರು ಬುಧವಾರ ಮಧ್ಯಾಹ್ನ ಬಸದಿಗೆ ಬಂದಿಳಿದರು. ಊರಿನ ಎಲ್ಲ ಜೈನರ ಮನೆಗಳ ಮುಂದೆ ರಂಗೋಲಿ ಬಿತ್ತು. ಅತ್ತೆಯವರು ಅಂದೇ ನನ್ನನ್ನು ಕರೆದು, "ಕಾಶೀ, ಮೊದಲ ಆ ಬಂದೂಕು ಹೊರಗ ಹಾಕ. ಶಸ್ತ್ರ ಇದ್ದ ಮನ್ಯಾಗ ಮಹಾರಾಜರು ಹೆಂಗ ನಿಂತಾರ?" ಎಂದರು. ಶಾಸ್ತ್ರದಲ್ಲಿ ಹಾಗಿದೆಯೋ ಇಲ್ಲವೋ ನನಗೆ ಗೊತ್ತಿಲ್ಲ. ಬೆಳೆ ಕಾಯಲು ಸರಕಾರವೇ ಲೈಸನ್ಸ್ ಕೊಟ್ಟ ಬಂದೂಕು, ನಳಿಗೆಯ ಬಾಯಿಯಿಂದ ಮದ್ದು ತುಂಬಿ ಬರೀ ಸಪ್ಪಳ ಮಾಡುವಂಥದ್ದು, ಅದರಲ್ಲಿ ಹಿಂಸೆ ಎಲ್ಲಿ ಬಂತು ಎಂದು ನೀವು ಹೇಳುತ್ತಿದ್ದ ಮಾತನ್ನೇ ಅತ್ತೆಯವರಿಗೂ ಹೇಳಿದೆ. ನೀವು ಎರಡು ವರ್ಷದಿಂದ ಅದನ್ನು ಗೂಟದಿಂದ ಇಳಿಸಿಯೇ ಇಲ್ಲ ಎಂದೂ ಹೇಳಿದೆ. ಅವರು ಕೇಳಬೇಕಲ್ಲ. ತಮ್ಮ ಜನ್ಮದಲ್ಲಿ ಇನ್ನೊಮ್ಮೆ ಮಹಾರಾಜರು ಈ ಹಾದಿಗೆ ಬರುತ್ತಾರೋ ಇಲ್ಲವೋ ಎಂದು ಕಣ್ಣಲ್ಲಿ ನೀರು ತಂದುಕೊಂಡರು. ಹಾಗೆ ಅತ್ತರೆ ನಾನು ಏನು ಮಾಡಲಿ?

ಹೊರಗೆ ಹಾಕು ಎಂದರೆ ಎಲ್ಲಿ ಹಾಕುವುದು? ದನದ ಗೋದಲಿಯಲ್ಲಿ ಇಟ್ಟರೆ ಆಳುಗಳ ಕೈಗೆ ಸಿಗುತ್ತದೆ. ನಮ್ಮ ವಸ್ತಿಯಲ್ಲಿ ಕಬ್ಬಿಣದ ಕಪಾಟು, ಅದಕ್ಕೆ ಗಟ್ಟಿ ಕೀಲಿ ಇರುವುದು ಶಾಲೆಯಲ್ಲಿ ಮಾತ್ರ. ಮದುವೆಗೆ ತಂದ ಬಂಗಾರವನ್ನು ಒಂದು ರಾತ್ರಿ ಇಡಬೇಕಾದರೂ ಎಲ್ಲರೂ ಅಲ್ಲಿಯೇ ಇಡುತ್ತಾರೆ. ಶೇಂಗಾ ಬೀಜದ ಚೀಲ, ಭಜನೆಯ ಪೇಟಿ, ಬಸದಿಯ ಬೆಳ್ಳಿ ತಾಟು, ಎಲ್ಲ ಅಲ್ಲಿ ಇದ್ದು ಬಂದಿವೆ. ಆ ಜಾಗ ಕೊಟ್ಟವರೇ ನಮ್ಮ ಮಾವನವರು. ಹೀಗಾಗಿ ನನಗೆ ಶಾಲೆ ಎಂದರೆ ನಮ್ಮದೇ ಇನ್ನೊಂದು ಕೋಣೆ ಇದ್ದ ಹಾಗೆ. ಬಂದೂಕನ್ನು ಹಳೆಯ ಕೌದಿಯಲ್ಲಿ ಸುತ್ತಿ, ಬುಧವಾರ ಶಾಲೆ ಬಿಟ್ಟ ಮೇಲೆ ಧರೆಪ್ಪ ಮಾಸ್ತರರ ಹತ್ತಿರ ಹೋದೆ. ಏನು ಎತ್ತ ಎಂದು ಅವರು ಕೇಳಲಿಲ್ಲ, ಕೌದಿಯ ಉದ್ದ ನೋಡಿದರೆ ತಿಳಿಯುವಂತಿತ್ತು. "ಎರಡ ದಿನದ ಮಾತಲ್ಲೇನ್ರೀ ಅಕ್ಕಾರ" ಎಂದು ಕಪಾಟು ತೆರೆದು, ನಕಾಶೆಗಳ ಹಿಂದೆ ನಿಲ್ಲಿಸಿ ಕೀಲಿ ಹಾಕಿದರು. ನನಗೆ ಅದರಲ್ಲಿ ತಪ್ಪು ಕಾಣಲಿಲ್ಲ. ಇವತ್ತಿಗೂ ಎಲ್ಲಿ ತಪ್ಪಿದೆ ಎಂದು ಪೂರ್ತಿ ತಿಳಿದಿಲ್ಲ.

ಗುರುವಾರ ಆಹಾರಕ್ಕೆ ಹೊರಟ ಮಹಾರಾಜರು ನಮ್ಮ ಬಾಗಿಲ ಮುಂದೆ ಬಂದು, ಒಂದು ಕ್ಷಣ ನಿಂತು, ಮುಂದೆ ಹೋಗಿಬಿಟ್ಟರು. ಅತ್ತೆಯವರು ದಿನವಿಡೀ ಗಂಟಲಿಗೆ ಏನೂ ಇಳಿಸಲಿಲ್ಲ. ಶುಕ್ರವಾರ ಕಳಶ, ತೆಂಗಿನಕಾಯಿ ಹಿಡಿದು ಮತ್ತೆ ನಿಂತೆವು. ಮಹಾರಾಜರು ನೇರವಾಗಿ ಬಂದು ನಮ್ಮ ಮುಂದೆಯೇ ನಿಂತರು! ಮೂರು ಸುತ್ತು ಬಂದು, ಮನಶುದ್ಧಿ, ವಚನಶುದ್ಧಿ, ಕಾಯಶುದ್ಧಿ ಎಂದು ಹೇಳಿ ಒಳಗೆ ಕರೆದೆವು. ಪಡಸಾಲೆಯಲ್ಲಿ ನಿಂತು ಅಂಗೈ ಜೋಡಿಸಿದರು. ಮೊದಲು ನೀರು, ಆಮೇಲೆ ಹಾಲು, ಆಮೇಲೆ ಅನ್ನ, ಒಂದೊಂದೇ ತುತ್ತು ನಾನೇ ಹಾಕಿದೆ. ನೀವು ಇರಬೇಕಿತ್ತು ಎಂದು ಪ್ರತಿ ತುತ್ತಿಗೂ ಅನ್ನಿಸಿತು.

ಅದೇ ಹೊತ್ತಿಗೆ ಅತ್ತ ಶಾಲೆಗೆ ಇನ್‌ಸ್ಪೆಕ್ಷನ್ನಿಗೆಂದು ಚಿಕ್ಕೋಡಿಯಿಂದ ಸಾಹೇಬರು ಬಂದಿದ್ದರಂತೆ. ನಕಾಶೆ ತೋರಿಸಿ ಎಂದರಂತೆ. ಮಾಸ್ತರರು ಕಪಾಟು ತೆರೆದರೆ ಕೌದಿ ಜಾರಿ ಬಿತ್ತು, ಬಂದೂಕಿನ ಹಿಡಿ ಹೊರಗೆ ಬಂತು. ಇದು ಯಾರದು ಎಂದು ಸಾಹೇಬರು ಚೀರಿದರು. ನಾಲ್ಕನೇ ಇಯತ್ತೆಯ ಕಿಟಕಿಯಿಂದ ನಮ್ಮ ಪಡಸಾಲೆ ಕಾಣುತ್ತದಲ್ಲ, ಮಾಸ್ತರರು ಅಲ್ಲಿಂದ ನೋಡಿದರೆ ಮಹಾರಾಜರು ಅಂಗೈ ಜೋಡಿಸಿ ನಿಂತಿದ್ದಾರೆ. ನಮ್ಮ ಹೆಸರು ಹೇಳಿದರೆ ಸಾಹೇಬರು ಕೂಗಾಡುತ್ತ ನಮ್ಮ ಮನೆಗೇ ನಡೆದುಬಿಡುವವರು. ಬಂದೂಕು, ಪೊಲೀಸು ಎಂಬ ಶಬ್ದ ಕಿವಿಗೆ ಬಿದ್ದರೆ ಆಹಾರಕ್ಕೆ ಅಂತರಾಯವಾಗಿ ಮಹಾರಾಜರು ತುತ್ತನ್ನು ಅಲ್ಲಿಗೇ ಬಿಟ್ಟು, ಮರುದಿನದವರೆಗೆ ನೀರು ಸಹ ಮುಟ್ಟುವಂತಿಲ್ಲ. ಧರೆಪ್ಪ ಮಾಸ್ತರರು ನಮ್ಮ ಜಾತಿಯವರಲ್ಲ, ಆದರೆ ಆರು ವರ್ಷ ನಮ್ಮ ನಡುವೆ ಇದ್ದು ಇದನ್ನೆಲ್ಲ ಬಲ್ಲರು. "ನಾನ ಇಟ್ಟೇನ್ರಿ ಸಾಹೇಬ್ರ. ಜನವರಿ ಇಪ್ಪತ್ತಾರಕ್ಕ ಝಂಡಾ ಏರಸುವಾಗ ಬಾರ ಹಾರಸಾಕ ತರಿಸಿದ್ದೆ" ಎಂದುಬಿಟ್ಟರು.

ಇಷ್ಟು ಆದದ್ದು ನನಗೆ ತಿಳಿದದ್ದು ಮಧ್ಯಾಹ್ನ, ಬಂದೂಕಿನ ನಂಬರು ನೋಡಿ ನಮ್ಮದೆಂದು ತಿಳಿದ ಠಾಣೆಯ ಫೌಜದಾರರು ಅದನ್ನೂ ಹಿಡಿದು, ಮಾಸ್ತರರನ್ನೂ ಕರೆದುಕೊಂಡು, ಲೈಸನ್ಸ್ ಪುಸ್ತಕ ಕೇಳಲು ಮನೆಗೆ ಬಂದಾಗ. ಅದರ ಕೊನೆಯಲ್ಲಿ ಸಣ್ಣ ಅಕ್ಷರದಲ್ಲಿ ಇಂಗ್ಲಿಷಿನಲ್ಲಿ ಷರತ್ತುಗಳಿವೆಯಲ್ಲ, ಅವನ್ನು ಓದಿ ಹೇಳಿದರು. ಜಾತ್ರೆಗೆ ಒಯ್ಯಬಾರದು, ಮೆರವಣಿಗೆಗೆ ಒಯ್ಯಬಾರದು, ಶಾಲೆಯ ಆವಾರದೊಳಗೆ ಒಯ್ಯಬಾರದು. ಇದು ನಿಮಗೆ ಗೊತ್ತಿತ್ತೇ? ಮೂರು ವರ್ಷದ ಹಿಂದೆ ಆಗಸ್ಟ್ ಹದಿನೈದಕ್ಕೆ ಅದೇ ಆವಾರದಲ್ಲಿ ನೀವು ಬಾರು ಹಾರಿಸಿದಿರಿ, ಮಕ್ಕಳು ಚಪ್ಪಾಳೆ ತಟ್ಟಿದರು, ಆಗಿನ ಸಾಹೇಬರು ನಿಮ್ಮ ಕೈಗೆ ಪೇಢೆ ಕೊಟ್ಟರು. ಅಂದು ಆ ಸಣ್ಣ ಅಕ್ಷರ ಎಲ್ಲಿ ಹೋಗಿತ್ತು? ಫೌಜದಾರರನ್ನು ಹಾಗೇ ಕೇಳಿದೆ. "ಅದೂ ತಪ್ಪ ರೀ ಬಾಯಾರ, ಯಾರೂ ಹೇಳಲಿಲ್ಲ ಅಷ್ಟ" ಎಂದರು. ಮತ್ತೆ ಇನ್ನೊಂದು ಹೇಳಿದರು: ಲೈಸನ್ಸ್ ನಿಮ್ಮೊಬ್ಬರ ಹೆಸರಿನಲ್ಲಿದೆ, ನೀವು ಊರು ಬಿಡುವಾಗ ಬಂದೂಕನ್ನು ಠಾಣೆಯಲ್ಲಿ ಇಟ್ಟು ಹೋಗಬೇಕಿತ್ತು, ನಾನು ಅದನ್ನು ಮುಟ್ಟುವುದೇ ಅಪರಾಧ. ಅಂದರೆ ಮೂವತ್ತು ವರ್ಷ ಅದರ ಧೂಳು ಒರೆಸಿದವಳು ದಿನಕ್ಕೊಂದು ಅಪರಾಧ ಮಾಡಿದಳೇ?

ನೆರೆಯ ವಿರುಪಾಕ್ಷಪ್ಪನವರು ಕೋರ್ಟಿನಲ್ಲಿ ಸಮನ್ಸ್ ಮುಟ್ಟಿಸುವ ಬೇಲೀಫ ಆಗಿದ್ದವರು, ಅವರನ್ನು ಕೇಳಿದೆ. ಶಾಲೆ ಸರಕಾರದ್ದು, ಸರಕಾರದ ಕಪಾಟಿನಲ್ಲಿ ಸರಕಾರ ಕೊಟ್ಟ ಬಂದೂಕು ಇದ್ದರೆ ಅದು ಗುನ್ಹೆ ಹೇಗಾಗುತ್ತದೆ ಎಂದರು. ಸಂಜೆ ಬಂದು, ಮಕ್ಕಳು ಇದ್ದಾಗ ಗುನ್ಹೆ, ಸೂಟಿಯ ದಿನವಾದರೆ ಅಲ್ಲ ಎಂದರು. ನಿನ್ನೆ ಮತ್ತೆ ಬಂದು, ಕಾಶಿಬಾಯಿಯವರೇ, ನೀವು ಬಾಯಿ ಬಿಡದಿದ್ದರೆ ಯಾವುದೂ ಗುನ್ಹೆಯಲ್ಲ ಎಂದು ಹೇಳಿ ಹೋದರು. ಒಂದು ಬಂದೂಕಿಗೆ ಇಷ್ಟು ಕಾಯದೆ, ಕೇಳಿದವರ ಬಾಯಲ್ಲೆಲ್ಲ ಬೇರೆ ಬೇರೆ. ನನಗಂತೂ ಅಡ್ಡಗೋಡೆಯ ಮೇಲೆ ದೀಪ ಇಟ್ಟಂತಾಗಿದೆ.

ಇನ್ನು ನನ್ನ ತಪ್ಪು. ಬಂದೂಕು ಮಾಸ್ತರರ ಕೈಗೆ ಹೇಗೆ ಹೋಯಿತು ಎಂದು ಫೌಜದಾರರು ಕೇಳಿದಾಗ ನಾನು ಮಾಸ್ತರರ ಮುಖ ನೋಡಿದೆ. ಅವರು ಬೇಡ ಎಂದು ತಲೆ ಅಲ್ಲಾಡಿಸಿದರು. ನಾನು ಸುಮ್ಮನಾದೆ. ತುಂಬಿದ್ದಿದೆಯೇ ಎಂದು ಕೇಳಿದ್ದಕ್ಕೆ ಮಾತ್ರ ಜೋರಾಗಿ ಹೇಳಿದೆ, ಈ ಮನೆಯ ಬಂದೂಕಿನಲ್ಲಿ ಒಂದು ಛರ್ರೆ ಗುಂಡೂ ಎಂದೂ ಬಿದ್ದಿಲ್ಲ, ಮಹಾರಾಜರು ಉಂಡ ನೆಲದ ಮೇಲೆ ನಿಂತು ಹೇಳುತ್ತಿದ್ದೇನೆ ಎಂದು. ಫೌಜದಾರರು ಮದ್ದು ದಟ್ಟಿಸುವ ಗಜವನ್ನು ನಳಿಗೆಯೊಳಗೆ ಇಳಿಸಿ, ಹೆಬ್ಬೆರಳಿನಿಂದ ಗುರುತು ಹಿಡಿದು, ಹೊರಗೆ ತೆಗೆದು ನಳಿಗೆಯ ಪಕ್ಕಕ್ಕೆ ಇಟ್ಟು ನೋಡಿದರು, ಗಜ ತಳದವರೆಗೆ ಇಳಿದಿರಲಿಲ್ಲ. ಏನೋ ಬರೆದುಕೊಂಡರು. ಬಂದೂಕು ತೆಗೆದುಕೊಂಡು ಹೋದರು.

ಈಗ ಹೊಡೆತ ಬೀಳುವುದು ಮಾಸ್ತರರಿಗೆ. ಫೆಬ್ರವರಿ ಮೂರು, ಸೋಮವಾರ, ಚಿಕ್ಕೋಡಿಯ ಕಚೇರಿಗೆ ಬಂದು ಜವಾಬು ಕೊಡಬೇಕು ಎಂದು ನೋಟೀಸು ಬಂದಿದೆ. ನೌಕರಿ ಹೋಗುತ್ತದೆ ಎಂದು ಎಲ್ಲರೂ ಅನ್ನುತ್ತಿದ್ದಾರೆ. ಅವರ ಹೆಂಡತಿ ರುಕ್ಮವ್ವನಿಗೆ ಏಳು ತಿಂಗಳು. ನಿನ್ನೆ ನಮ್ಮ ಮನೆಗೆ ಮಜ್ಜಿಗೆಗೆ ಬಂದಳು, ಚರಿಗೆ ತುಂಬಿಸಿಕೊಂಡು ಹೋದಳು. ಬೈದಿದ್ದರೆ ಚೆನ್ನಾಗಿತ್ತು. ನಾನು ನಿಜ ಹೇಳಿದರೆ ಕೇಸು ನಿಮ್ಮ ಮೇಲೂ ನನ್ನ ಮೇಲೂ. ಸುಮ್ಮನಿದ್ದರೆ ಮಾಸ್ತರರ ಅನ್ನಕ್ಕೆ ಕಲ್ಲು. ಮಹಾರಾಜರ ಆಹಾರ ಕೆಡಬಾರದು ಎಂದು ಆಡಿದ ಸುಳ್ಳು ಸುಳ್ಳಲ್ಲ, ಪುಣ್ಯ ಎಂದು ಅತ್ತೆಯವರು ಹೇಳುತ್ತಾರೆ. ಪುಣ್ಯ ನಮಗೆ, ನೋಟೀಸು ಅವರಿಗೆ, ಇದು ಯಾವ ನ್ಯಾಯ? ಏನು ಮಾಡಲಿ ಎಂದು ಕೂಡಲೇ ತಾರು ಮಾಡಿ. ನೀವು ಹೇಳಿದಂತೆ ನಡೆಯುತ್ತೇನೆ.

ಅತ್ತೆಯವರು ನಿಮಗೂ ಪಾರಿಸನಿಗೂ ಆಶೀರ್ವಾದ ಹೇಳಿದ್ದಾರೆ, ಬೆಟ್ಟದ ಮೇಲಿನ ಒಂದು ಚಿಟಿಕೆ ಮಣ್ಣು ತರಲು ಹೇಳಿದ್ದಾರೆ. ಪಾರಿಸನಿಗೆ ನನ್ನ ಮುದ್ದು. ಇಬ್ಬರೂ ಮೈ ಜೋಪಾನ.

ನಿಮ್ಮ
ಕಾಶಿಬಾಯಿ

ತಾ.ಕ. — ಸೋಮವಾರ ೨೦, ಬೆಳಿಗ್ಗೆ. ಟಪಾಲಿಗೆ ಹಾಕಲು ಹೊರಟಾಗ ಠಾಣೆಯಿಂದ ಕರೆ ಬಂತು. ಅಂಚೆ ಕಚೇರಿಯ ಕಟ್ಟೆಯ ಮೇಲೆ ಕೂತು ಇದನ್ನು ಬರೆಯುತ್ತಿದ್ದೇನೆ, ಪಾರಿಸನ ಮುಂದೆ ಓದಬೇಡಿ. ಫೌಜದಾರರು ನನ್ನ ಮತ್ತು ಮಾಸ್ತರರ ಎದುರಿಗೇ ಬಂದೂಕನ್ನು ಬಿಚ್ಚಿಸಿದರು. ಒಳಗಿನಿಂದ ಛರ್ರೆ ಜಾರದಂತೆ ತುರುಕಿದ್ದ ಒಂದು ಬಟ್ಟೆಯ ತುಂಡು ಬಂತು, ಹನ್ನೊಂದು ಛರ್ರೆ ಬಂದವು, ಹೆಪ್ಪುಗಟ್ಟಿದ ಮದ್ದು ಬಂತು. ಎರಡು ವರ್ಷದ್ದಾದರೂ ಇರಬೇಕು ಎಂದರು. ಝಂಡಾಕ್ಕೆ ಬಾರು ಹಾರಿಸುವವನು ಛರ್ರೆ ಯಾಕೆ ತುಂಬಿದೆ, ಮಕ್ಕಳ ನಡುವೆ ಯಾಕೆ ಇಟ್ಟೆ ಎಂದು ಮಾಸ್ತರರನ್ನು ಕೇಳಿದರು. ಆ ಮನುಷ್ಯ ಆಗಲೂ ನನ್ನ ಕಡೆ ನೋಡಲಿಲ್ಲ. ಆ ಬಟ್ಟೆ ನನ್ನ ಹಸಿರು ಇಳಕಲ್ಲ ಸೀರೆಯದು, ಅಂಚಿನ ಕೆಂಪು ಎಳೆ ಇನ್ನೂ ಇತ್ತು. ಸೀರೆ ನಂದು, ಬಂದೂಕು ನಮ್ಮದು, ಒಯ್ದು ಇಟ್ಟವಳು ನಾನು, ಒಳಗೆ ಏನಿದೆ ಎಂದು ಮಾಸ್ತರರಿಗೂ ನನಗೂ ಗೊತ್ತಿರಲಿಲ್ಲ ಎಂದು ಹೇಳಿ ರುಜು ಹಾಕಿಬಂದೆ. ಮೂರನೇ ತಾರೀಖು ಚಿಕ್ಕೋಡಿಗೂ ಹೋಗಿ ಅದನ್ನೇ ಹೇಳುತ್ತೇನೆ. ತಾರು ಮಾಡಿ ತಡೆಯಬೇಡಿ. ಆ ಕಪಾಟಿಗೆ ಬೆನ್ನು ಕೊಟ್ಟು ಇಪ್ಪತ್ತೆರಡು ಮಕ್ಕಳು ಎರಡು ದಿನ ಮಗ್ಗಿ ಹೇಳಿದ್ದಾರೆ. ಬರೀ ಸಪ್ಪಳ ಎಂದು ನೀವು ಹೇಳಿದ್ದಿರಿ, ನಾನು ನಂಬಿದ್ದೆ. ಕಾಲುವೆ ದಂಡೆಯ ಆ ನರಿ ಟ್ರ್ಯಾಕ್ಟರಿಗೆ ಸಿಕ್ಕಿತ್ತೇ? ಇಲ್ಲಾ ಒಂದು ಬಾರು ಅದಕ್ಕೆ ಹಾರಿಸಿ, ಇನ್ನೊಂದು ತುಂಬಿದ್ದನ್ನು ಹಾಗೇ ಗೂಟಕ್ಕೆ ತೂಗುಹಾಕಿದಿರೇ? ಮರುದಿನದಿಂದಲೇ ಅಲ್ಲವೇ ನೀವು ಮೂರು ದಿನ ಉಪವಾಸ ಕೂತದ್ದು? ಈ ಮೊಣಕಾಲು ಇಟ್ಟುಕೊಂಡು ಈಗ ಶಿಖರಜಿಗೆ ಹೋಗಿದ್ದೂ ಅದಕ್ಕೇ ಏನು? ಆ ಬೆಟ್ಟದ ಮೇಲೆ ಏನು ಹೇಳಿಕೊಂಡಿರೋ ಅದನ್ನು ಮನೆಗೆ ಬಂದು ನನಗೂ ಹೇಳಿ. ನಾನು ಬೈಯುವುದಿಲ್ಲ.