ನೋಡಿದ್ದಾರೆಂದು ಭಾವಿಸಿದವರಿಗೆ

ಗುಮಾಸ್ತರ ಸೀನಿಯಾರಿಟಿ ಪಟ್ಟಿ ತಯಾರಿಸುವ ಮಾನ್ಯ ಅಧಿಕಾರಿಗಳೇ,

ನಾನು ಮದುವೆಯಾದದ್ದು ಪಟ್ಟಿಯ ಹದಿನಾಲ್ಕನೆಯವರನ್ನು. ಮದುವೆಯ ಚಪ್ಪರ ಬಿಚ್ಚುವುದರೊಳಗೆ ತಾವು ಅವರನ್ನು ನಲವತ್ತೊಂದನೆಯವರನ್ನಾಗಿ ಮಾಡಿದಿರಿ, ಅದೂ ಒಂದು ಮಾತು ಕೇಳದೆ! ಸರ್ಕಾರಿ ನೌಕರರು ಪತ್ರಿಕೆಗೆ ದೂರು ಬರೆಯಬಾರದಂತೆ. ನೌಕರರ ಹೊಸ ಹೆಂಡತಿಯರು ಬರೆಯಬಾರದೆಂಬ ನಿಯಮ ಇನ್ನೂ ಬಂದಿಲ್ಲ, ಬರುವುದರೊಳಗೆ ಬರೆದುಬಿಡುತ್ತೇನೆ. ನನ್ನದು ಕಾನ್ವೆಂಟಿನಲ್ಲಿ ಓದಿದವಳ ಕನ್ನಡ. ಕಾಗುಣಿತ ತಪ್ಪಿದ್ದರೆ ಸಂಪಾದಕರು ತಿದ್ದಿಯಾರು, ಪಟ್ಟಿಯನ್ನು ತಾವೇ ತಿದ್ದಬೇಕು.

ನಮ್ಮವರು ಏಳು ವರ್ಷದ ಹಿಂದೆ ಶಿಕಾರಿಪುರದಲ್ಲಿ ಹಂಗಾಮಿ ಗುಮಾಸ್ತರಾಗಿ ಸೇರಿದರು. ಎರಡು ವರ್ಷದ ಮೇಲೆ ಖಾಯಂ ಆಯಿತು, ಸೊರಬಕ್ಕೆ ವರ್ಗವೂ ಆಯಿತು. ಹಂಗಾಮಿಯಾಗಿದ್ದ ಎರಡು ವರ್ಷವೂ ಇದುವರೆಗೆ ಸೇವೆಯೆಂದೇ ಎಣಿಕೆಯಾಗಿತ್ತು. ಏಕೀಕರಣವಾಗಿ ರಾಜ್ಯ ದೊಡ್ಡದಾಯಿತು, ಹೊಸ ಪಟ್ಟಿ ಬಂತು, ಎರಡು ವರ್ಷ ಮಾಯ! ಆಗ ಅವರು ಬರೆದ ಫೈಲುಗಳು ಮಾತ್ರ ಮಾಯವಾಗಿಲ್ಲ. ಮುಂದಿನ ತಿಂಗಳು ಪಟ್ಟಿ ಅಂತಿಮವಾಗುತ್ತದೆ. ಆಮೇಲೆ ಅವರು ರಿಟೈರ್ ಆಗುವ ತನಕ ಬಡ್ತಿಯೆಲ್ಲ ಅದರ ಪ್ರಕಾರವೇ.

ಆಕ್ಷೇಪಣೆಗೆ ಹದಿನೈದು ದಿನ ಕೊಟ್ಟಿದ್ದಿರಿ, ನಿಜ. ಆ ಹದಿನೈದು ದಿನವೂ ಅವರು ಮದುವೆಯ ರಜೆಯ ಮೇಲೆ ಶಿಕಾರಿಪುರದ ನಮ್ಮ ತಂದೆಯ ಮನೆಯಲ್ಲಿದ್ದರು. ರಜೆ ಮಂಜೂರು ಮಾಡಿದ್ದು ತಮ್ಮದೇ ಕಚೇರಿ. ಇತ್ತ ಸೊರಬದಲ್ಲಿ ಜವಾನ ಉಚ್ಚಂಗಪ್ಪನವರು ಅಭಿಮಾನದಿಂದ ನಮ್ಮ ಲಗ್ನಪತ್ರಿಕೆಯನ್ನು ನೋಟೀಸ್ ಬೋರ್ಡಿಗೆ ಹೊಡೆದಿದ್ದರು, ಸರಿಯಾಗಿ ಪಟ್ಟಿಯ ಮೇಲೆಯೇ! ನಾಲ್ಕು ಮೂಲೆಗೆ ಅರಿಶಿನ ಹಚ್ಚಿದ ಅಗಲವಾದ ಗುಲಾಬಿ ಕಾಗದ. ನಮ್ಮವರು ಕೆಲಸಕ್ಕೆ ಮರಳಿದ ದಿನ ಅದನ್ನು ಬಿಡಿಸಿ ಕೈಗಿತ್ತರಂತೆ: "ತಗಳಿ ಸ್ವಾಮಿ, ಅಮ್ಮಾವ್ರಿಗೆ ಕೊಡಿ, ಜ್ವಾಪಾನ ಇಟ್ಕಳ್ಲಿ." ಕೆಳಗೆ ನೋಡಿದರೆ ನಲವತ್ತೊಂದು. ಪಟ್ಟಿ ಮುಚ್ಚಿದ ಅಪರಾಧದಲ್ಲಿ ನನ್ನ ಹೆಸರೂ ಇದೆ, ಚಿ॥ ಸೌ॥ ಸಮೇತ.

ಅಂದೇ ಅರ್ಜಿ ಹೋಯಿತು. ತಮ್ಮ ಉತ್ತರವೂ ಬಂತು: "ಅವಧಿ ಮೀರಿದೆ. ಪಟ್ಟಿಯನ್ನು ಸಂಬಂಧಪಟ್ಟವರು ನೋಡಿದ್ದಾರೆಂದು ಭಾವಿಸಲಾಗಿದೆ." ಭಾವಿಸಿದವರು ಯಾರು ಸ್ವಾಮಿ? ಈ ವಾಕ್ಯಕ್ಕೆ ಕರ್ತೃವೇ ಇಲ್ಲವಲ್ಲ! ಒಂಬತ್ತು ವರ್ಷದವಳಿದ್ದಾಗ ನಾನು ಪಕ್ಕದವಳ ಜಡೆಗೆ ಶಾಯಿ ಬಳಿದೆ. ಕಾನ್ವೆಂಟಿನ ನಮ್ಮ ಸಿಸ್ಟರ್ ಸ್ಕೇಲು ಎತ್ತಿದವರು ತಡೆದು, "ನೀನು ಹೇಳುವುದೇನಿದೆ?" ಎಂದು ಕೇಳಿದರು. ಹೇಳುವುದು ಏನೂ ಇರಲಿಲ್ಲ, ಏಟು ಬಿತ್ತು. ಆದರೂ ಕೇಳಿದರು. ಶಾಯಿ ಬಳಿದ ಹುಡುಗಿಗೆ ಸಿಕ್ಕ ಮರ್ಯಾದೆ ಏಳು ವರ್ಷದ ಸರ್ವಿಸಿಗೆ ಸಿಗಬಾರದೇ?

ನಮ್ಮವರನ್ನು ದಾಟಿ ಮೇಲೆ ಹೋದವರಲ್ಲಿ ಅವರದೇ ಕಚೇರಿಯ ಗುಮಾಸ್ತರು ಶೌಕತ್ ಅಲಿಯವರೂ ಒಬ್ಬರು. ಕಳೆದ ಭಾನುವಾರ ಮನೆಗೆ ಬಂದು ಬಾಗಿಲಲ್ಲೇ ಕೂಗಿದರು: "ಏನ್ರೀ ನಲವತ್ತೊಂದು, ಎದ್ದು ನಿಂತ್ಕಳ್ರೀ, ಸೀನಿಯರ್ ಬಂದಾರೆ!" ನಮ್ಮವರು ನಗುತ್ತಾ ಎದ್ದು ಸಲಾಮು ಹೊಡೆದರು. ನನ್ನ ಮುಖ ಊದಿತು.

"ಸಿಟ್ಟಾಗ್ಬ್ಯಾಡಿ ತಂಗ್ಯಮ್ಮಾ," ಎಂದರು ಶೌಕತ್ ಅಲಿ. "ನಾನು ಸೇರಿದ್ದೇ ಖಾಯಂ ಆಗಿ. ನಂದೂ ಒಂದು ನ್ಯಾಯ ಐತೆ. ಆದ್ರೆ ಇವತ್ತು ಕೇಳ್ದೆ ಹತ್ತಿಸ್ದೋರು ನಾಳೆ ಕೇಳ್ದೆನೇ ಇಳಿಸ್ತಾರೆ. ನಂಗೆ ಅದೇ ಭಯ."

ಅಷ್ಟರಲ್ಲಿ ನಾನು ತಮಗೊಂದು ಪತ್ರ ಬರೆದಿಟ್ಟಿದ್ದೆ, ಹದಿನಾಲ್ಕನ್ನು ವಾಪಸು ಕೊಡಿ ಎಂದು. ಅವರ ಮಾತು ಕೇಳಿದ ಮೇಲೆ ಹರಿದು ಹಾಕಿದೆ. ಇದು ಎರಡನೆಯದು.

ಪಟ್ಟಿ ಅಂತಿಮವಾಗುವ ಮೊದಲು ಇಬ್ಬರನ್ನೂ ಒಂದೇ ದಿನ ಕರೆಸಿ, ಎದುರುಬದುರು ಕೂರಿಸಿ ಕೇಳಿ. ಯಾರ ಸ್ಥಾನ ಯಾವುದು, ಏಕೆ ಎಂದು ಕಾರಣ ಬರೆದುಕೊಡಿ. ಕೇಳಿದ ಮೇಲೆ ನಮ್ಮವರು ಸೋತರೆ ನಾನೇ ಹೋಳಿಗೆ ಮಾಡಿ ಶೌಕತ್ ಅಲಿಯವರ ಮನೆಯವರನ್ನೆಲ್ಲ ಊಟಕ್ಕೆ ಕರೆಯುತ್ತೇನೆ. ಕೇಳದೆಯೇ ನಮ್ಮವರನ್ನು ಗೆಲ್ಲಿಸಿದಿರೋ, ನಾನು ಒಲೆ ಹಚ್ಚುವುದಿಲ್ಲ.

ಇಂತಿ,
ಸದ್ಯಕ್ಕೆ ನಲವತ್ತೊಂದನೆಯವರ ಹೆಂಡತಿ,
ಸರ್ವಮಂಗಳ, ಸೊರಬ